ಮೂಲೆ ನಿಲ್ಲದ ಬೆಡ್‌ಶೀಟ್

ಮಹಲ್ಲಾ,
ಶನಿವಾರ, 12 ಅಕ್ಟೋಬರ್ 2019

ನನ್ನ ಕಣ್ಣಿನ ಬೆಳಕು ರಬಾಬ್‌ಗೆ, ಅಮ್ಮನ ಸಲಾಮು.

ನಿನ್ನ ಮದುವೆ ಮಂಚಕ್ಕೆಂದು ನಾನು ಹೊಲಿದ ಬೆಡ್‌ಶೀಟ್ ಇವತ್ತು ಮಧ್ಯಾಹ್ನ ವಾಪಸ್ ಬಂತು. ತಂದವಳು ನಿನ್ನ ಚಿಕ್ಕಮ್ಮ ಬಹೀಗಾ. ಮಂಚ ಹಾಸುವ ಶಾಸ್ತ್ರ ಬುಧವಾರವೇ ಮುಗಿಯಿತು ಎಂಬ ಸುದ್ದಿಯನ್ನೂ ಅವಳೇ ಹೇಳಿದಳು. ನೀನು ನನಗೆ ಹೇಳಿದ್ದು ಭಾನುವಾರ, ಅಂದರೆ ನಾಳೆ.

ಇದನ್ನು ಫೋನಿನಲ್ಲೇ ಮಾತಾಡಬಹುದಿತ್ತು. ಮಾಡಿದೆ, ನೀನು ಎತ್ತಲಿಲ್ಲ. ಧ್ವನಿ ಮುದ್ರಿಸಿ ಫೋನಿಗೆ ಕಳಿಸೋಣವೆಂದರೆ ಅದನ್ನು ನೀನು ಎಲ್ಲಿ ನಿಂತು ಕೇಳುತ್ತೀಯೋ, ಪಕ್ಕದಲ್ಲಿ ಯಾರಿರುತ್ತಾರೋ. ಮದುವೆ ಹತ್ತಿರ ಬಂದ ಹುಡುಗಿಯ ಫೋನು ಅವಳೊಬ್ಬಳದಾಗಿ ಉಳಿಯುವುದಿಲ್ಲ. ಅದಕ್ಕೇ ಕಾಗದ ಬರೆಯುತ್ತಿದ್ದೇನೆ. ಬಹೀಗಾ ನಾಳೆ ನೀನಿರುವ ದುಮ್ಯಾತ್‌ಗೆ ಮರಳುತ್ತಾಳೆ. ಇದನ್ನು ನಿನ್ನ ಕೈಗೇ ಕೊಡುವುದಾಗಿ, ಬೇರೆ ಯಾರ ಕೈಗೂ ಕೊಡದಿರುವುದಾಗಿ ಅವಳು ಒಪ್ಪಿದ್ದಾಳೆ.

ಅವಳು ಬಂದಾಗ ನಾನು ನಾಳೆಯ ಪ್ರಯಾಣಕ್ಕೆ ಚೀಲ ತುಂಬುತ್ತಿದ್ದೆ. ನಿನಗಿಷ್ಟವಾದ ಬೆಣ್ಣೆ ಬಿಸ್ಕತ್ತು ಮಾಡಿ ಡಬ್ಬಿಗೆ ಹಾಕಿದ್ದೆ. ಕಂದು ಬಣ್ಣದ ನಿಲುವಂಗಿಗೆ ಇಸ್ತ್ರಿ ಹಾಕಿ ಕುರ್ಚಿಯ ಮೇಲೆ ಹರಡಿದ್ದೆ. ಬಾಗಿಲಲ್ಲಿ ಬಹೀಗಾಳನ್ನು ಕಂಡು, ನನ್ನನ್ನು ಕರೆದುಕೊಂಡು ಹೋಗಲು ಬಂದಿದ್ದಾಳೆ ಎಂದೇ ತಿಳಿದೆ. ಅಷ್ಟು ದೂರದಿಂದ ಯಾಕೆ ಬಂದೆ, ನಾನೇನು ದಾರಿ ತಪ್ಪುವ ಹೆಂಗಸೇ ಎಂದು ನಕ್ಕೆ. ಅವಳು ನಗಲಿಲ್ಲ, ಮೊದಲು ನೀರು ಕೇಳಿದಳು. ನೀರು ಕುಡಿದು, ಚಹಾ ಕುಡಿದು, ಮೊಣಕಾಲು ನೋವಿನ ವಿಷಯ ಹೇಳಿ, ನಮ್ಮ ಓಣಿಯ ಕಸದ ವಿಷಯ ಹೇಳಿ, ಕಡೆಗೆ ಕಾಲ ಬುಡದಲ್ಲಿದ್ದ ಚೀಲವನ್ನು ನನ್ನ ಕಡೆ ತಳ್ಳಿದಳು. ನನ್ನ ಮುಖ ನೋಡದೆ, "ಅಕ್ಕ, ಇದು ನಿನ್ನ ಹತ್ರಾನೇ ಇರ್ಲಿ" ಅಂದಳು.

ದಿನವನ್ನು ಬುಧವಾರಕ್ಕೆ ಬದಲಾಯಿಸಿದ್ದು ನಿನ್ನ ಅತ್ತೆಯಾಗುವ ತಫೀದಾ ಎಂದು ಬಹೀಗಾ ಹೇಳಿದಳು. ನಿನ್ನ ವಗ್ದಿಯ ಅಕ್ಕಂದಿರಿಗೆ ಭಾನುವಾರ ಬಿಡುವಿರಲಿಲ್ಲವಂತೆ. ಇರಲಿ. ಗಂಡಿನ ಮನೆಯವರ ಅನುಕೂಲ ಅವರಿಗೆ ಗೊತ್ತು. ನಾನು ಹೆಚ್ಚು ಕೇಳಲಿಲ್ಲ.

ಬೆಡ್‌ಶೀಟಿನ ವಿಷಯ ಮಾತ್ರ ಕೇಳಿದೆ. ಅದು ನನ್ನ ಕೆಲಸ, ಕೇಳುವ ಹಕ್ಕಿದೆ.

ಆ ಬಟ್ಟೆ ನಿನ್ನ ಮದುವೆ ಪೆಟ್ಟಿಗೆಗೆಂದು ನಾನು ಕೊಂಡ ಮೊದಲ ಬಟ್ಟೆ. ಗಿರಣಿಯ ಅಂಗಡಿಯದು, ಅಪ್ಪಟ ಹತ್ತಿ. ಆಗ ನೀನು ಶಾಲೆಗೆ ಹೋಗುತ್ತಿದ್ದೆ; ಅಂಗಡಿಯ ಕಟ್ಟೆಯ ಮೇಲೆ ಕೂತು, ಇದು ಯಾರಿಗೆ ಎಂದು ಕೇಳಿದ್ದೆ. ನಿನಗೇ ಎಂದಾಗ, ಇಷ್ಟು ದೊಡ್ಡದು ನನಗೆ ಯಾಕೆ ಎಂದಿದ್ದೆ. ಆಮೇಲೆ ಹಬ್ಬಕ್ಕೊಂದರಂತೆ ಸೇರಿಸುತ್ತ ಬಂದೆ. ಹೆಣ್ಣು ಮಗುವಿರುವ ಮನೆಯಲ್ಲಿ ಎಲ್ಲರೂ ಮಾಡುವುದನ್ನೇ ಮಾಡಿದೆ. ಎಲ್ಲವೂ ಚಪ್ಪಟೆ ಬೆಡ್‌ಶೀಟುಗಳು. ಆಗ ಹಾಸಿಗೆಗಳು ಹತ್ತಿ ತುಂಬಿದವು, ತೆಳ್ಳಗಿದ್ದವು. ಬೆಡ್‌ಶೀಟ್ ಹರಡಿ ಸುತ್ತಲೂ ಕೆಳಗೆ ಸಿಕ್ಕಿಸಿದರೆ ಬೆಳಗಿನವರೆಗೂ ಅಲುಗುತ್ತಿರಲಿಲ್ಲ. ಈಗ ವಗ್ದಿ ತಂದಿರುವುದು ಸ್ಪ್ರಿಂಗ್ ಹಾಸಿಗೆ, ಬೆಂಚಿನ ಹಾಗೆ ಎತ್ತರ. ಅಂಚು ಸಿಕ್ಕಿಸಲು ಅದನ್ನು ಎತ್ತಬೇಕೆಂದರೆ ಇಬ್ಬರು ಬೇಕು.

ನೀನೇ ಫೋನ್ ಮಾಡಿ, ಎಲಾಸ್ಟಿಕ್ ಇರುವುದು ಬೇಕಮ್ಮಾ, ಈಗ ಯಾರೂ ಸಿಕ್ಕಿಸುವುದಿಲ್ಲ ಎಂದೆ. ಅಂಗಡಿಯಲ್ಲಿ ಸಿಗುವ ಎಲಾಸ್ಟಿಕ್ಕಿನವು ಮುಟ್ಟಿದರೆ ಚಟಪಟ ಎನ್ನುವ ಬಟ್ಟೆ. ಬೇಸಿಗೆಯಲ್ಲಿ ಅದರ ಮೇಲೆ ಮಲಗಿದರೆ ಬಾಣಲೆಯ ಮೇಲೆ ಮಲಗಿದ ಹಾಗೆ. ಹತ್ತಿಯದನ್ನೇ ಹೊಲಿದು ಕೊಡುತ್ತೇನೆ ಎಂದೆ. ನಿನಗೆ ಖುಷಿಯಾಯಿತು. ಆ ಖುಷಿ ನಿಜವಾಗಿತ್ತು, ಅದನ್ನು ನಾನು ಗುರುತಿಸಬಲ್ಲೆ. ಮದುವೆ ಮಂಚದ ಮೊದಲ ಬೆಡ್‌ಶೀಟ್ ಹೆಣ್ಣಿನ ತಾಯಿಯ ಮನೆಯಿಂದಲೇ ಹೋಗಬೇಕು ಎಂಬುದು ನಮ್ಮಲ್ಲೂ ಇದೆ, ಅವರಲ್ಲೂ ಇದೆ. ಹಾಗಾಗಿ ಪೆಟ್ಟಿಗೆಯ ತಳದಿಂದ ಆ ಮೊದಲನೆಯದನ್ನೇ ತೆಗೆದೆ.

ಹೊಲಿಯುವ ಮೊದಲು ಬಿಸಿನೀರಿನಲ್ಲಿ ಒಗೆದು ಒಣಗಿಸಿದೆ. ಹತ್ತಿ ಕುಗ್ಗುತ್ತದೆ; ಹೊಲಿದ ಮೇಲೆ ಕುಗ್ಗಿದರೆ ಮೂಲೆ ಹತ್ತುವುದಿಲ್ಲ. ನೀನು ಕೊಟ್ಟ ಅಳತೆಯ ಪ್ರಕಾರ ಹಾಸಿಗೆಯ ಅಗಲ ನೂರ ಅರವತ್ತು, ಉದ್ದ ನೂರ ತೊಂಬತ್ತೈದು, ಎತ್ತರ ಇಪ್ಪತ್ತೈದು ಸೆಂಟಿಮೀಟರ್. ಉದ್ದಕ್ಕೆ ಎರಡೂ ಕಡೆಯ ಎತ್ತರ ಸೇರಿಸಿ, ಕೆಳಗೆ ಮಡಚಿಕೊಳ್ಳಲು ಒಂದಿಷ್ಟು ಬಿಟ್ಟರೆ ನನ್ನ ಬಟ್ಟೆ ಸರಿಯಾಗಿ ಮುಗಿಯುತ್ತಿತ್ತು. ಅಗಲಕ್ಕೆ ಧಾರಾಳವಾಗಿತ್ತು. ಪ್ರತಿ ಮೂಲೆಯಲ್ಲಿ ಒಂದು ಚೌಕ ಗುರುತು ಮಾಡಿ, ಅದರ ಎರಡು ಅಂಚುಗಳನ್ನು ಸೇರಿಸಿ ಪಿನ್ನು ಚುಚ್ಚಿ ಹೊಲಿದೆ. ಕತ್ತರಿಸಲಿಲ್ಲ. ಮೊದಲು ಹಾಕಿ ನೋಡಬೇಕಲ್ಲ? ನನ್ನ ಮಂಚ ಸಣ್ಣದು. ಅದರ ಪಕ್ಕಕ್ಕೆ ದಿವಾನ ಸೇರಿಸಿ, ಎತ್ತರಕ್ಕೆ ರಜಾಯಿಗಳನ್ನು ಪೇರಿಸಿ, ನಿನ್ನ ಹಾಸಿಗೆಯಷ್ಟೇ ಮಾಡಿಕೊಂಡೆ. ನಾಲ್ಕು ಮೂಲೆಯೂ ಕೂತವು. ಆಮೇಲೆ ಚೌಕಗಳನ್ನು ಕತ್ತರಿಸಿ ತೆಗೆದೆ. ಮೂಲೆ ಕತ್ತರಿಸಿದ ಬಟ್ಟೆ ಮತ್ತೆ ಚಪ್ಪಟೆ ಬೆಡ್‌ಶೀಟ್ ಆಗುವುದಿಲ್ಲ. ಆ ಕೆಲಸ ಸಾವಕಾಶವಾಗಿ ಮಾಡಬೇಕು.

ಎಲಾಸ್ಟಿಕ್ ಸುತ್ತಲೂ ಬೇಡ, ಮೂಲೆಗಳಿಗೆ ಮಾತ್ರ ಸಾಕು ಎಂದವಳು ನೀನು. ಸುತ್ತಲೂ ಹಾಕಿದರೆ ಪಕ್ಕಗಳು ನೆರಿಗೆ ಬಿದ್ದು ಸ್ನಾನದ ಟೋಪಿಯ ಹಾಗೆ ಕಾಣುತ್ತದೆ, ಹೆಂಗಸರೆಲ್ಲ ಫೋಟೋ ತೆಗೆಯುತ್ತಾರೆ ಎಂದೆ. ನಾನು ಒಪ್ಪಿದೆ. ಮೂಲೆಯ ಎರಡೂ ಬದಿಗೆ ಒಂದು ಗೇಣು ಎಲಾಸ್ಟಿಕ್ಕನ್ನು ಎಳೆದು ಹಿಡಿದು ಹೊಲಿದೆ. ಹತ್ತಿಯ ಹೊದಿಕೆ ಇರುವ ಹಾಸಿಗೆಗೆ ಅಷ್ಟು ಸಾಕು. ಬಟ್ಟೆ ಬಟ್ಟೆಯನ್ನು ಹಿಡಿದುಕೊಳ್ಳುತ್ತದೆ.

ಬುಧವಾರ ನಡೆದದ್ದನ್ನು ಬಹೀಗಾ ಹೇಳಿದಂತೆ ಬರೆಯುತ್ತೇನೆ. ತಪ್ಪಿದ್ದರೆ ನೀನು ತಿದ್ದು, ನೀನು ಅಲ್ಲೇ ಇದ್ದೆ.

ಮಂಚ ಹಾಸಿದವಳು ಬಹೀಗಾ. ಸರಿಯೇ. ಗಂಡನ ಜೊತೆ ಬಾಳುತ್ತಿರುವವಳು, ಗಂಡುಮಕ್ಕಳನ್ನು ಹೆತ್ತವಳು. ಶಾಸ್ತ್ರಕ್ಕೆ ಬೇಕಾದದ್ದೆಲ್ಲ ಅವಳಲ್ಲಿದೆ. ನಾನು ಬಂದಿದ್ದರೂ ಬೆಡ್‌ಶೀಟ್ ಹರಡುತ್ತಿದ್ದವಳು ಅವಳೇ. ಗಂಡ ಬಿಟ್ಟವಳ ಕೈ ಮದುವೆ ಮಂಚಕ್ಕೆ ತಾಗಬಾರದೆಂಬುದು ನನಗೆ ಗೊತ್ತಿಲ್ಲದ ಮಾತಲ್ಲ. ಬಾಗಿಲ ಹತ್ತಿರ ಕೂತು ಹೆಂಗಸರಿಗೆ ಶರಬತ್ತು ಕೊಡುವುದೆಂದು ನಾನು ಮನಸ್ಸಿನಲ್ಲೇ ತೀರ್ಮಾನಿಸಿಕೊಂಡಿದ್ದೆ.

ಬಹೀಗಾ ಮೂರು ಮೂಲೆ ಹಾಕಿ ನಾಲ್ಕನೆಯದನ್ನು ಎಳೆದಳು. ಹೆಂಗಸರು ಶುಭಕ್ಕೆಂದು ನಾಲಿಗೆ ಆಡಿಸಿ ಉಲಿದರು. ಉಲಿ ಮುಗಿಯುವ ಮೊದಲೇ ತಲೆ ಕಡೆಯ ಮೂಲೆ ಪುಟಿದು ಎದ್ದಿತು. ಅದನ್ನು ಹಾಕಿದರೆ ಕಾಲ ಕಡೆಯದು ಎದ್ದಿತು. ಯಾರೋ ನಕ್ಕರು. ಮತ್ತೆ ಹಾಕಿದಳು, ಮತ್ತೆ ಎದ್ದಿತು. ನಿನ್ನ ಅತ್ತೆಯ ಓರಗಿತ್ತಿ, ಬಾಯಲ್ಲಿ ಮಿಠಾಯಿ ಇಟ್ಟುಕೊಂಡೇ ಹೇಳಿದಳಂತೆ:

"ತನ್ನ ಮಂಚಾನೇ ನಿಲ್ಲಿಸ್ಕೊಳ್ಳೋಕಾಗದವಳು ಹೊಲಿದಿದ್ದು. ಇನ್ನೆಲ್ಲಿ ನಿಂತೀತು?"

ನಿನ್ನ ಅತ್ತೆ ಅವಳನ್ನು ಗದರಿದರಂತೆ. ಬಾಯಿ ಮುಚ್ಚು, ಒಳ್ಳೆಯ ದಿನ ಒಳ್ಳೆಯ ಮಾತಾಡು ಎಂದರಂತೆ. ನೀನು ಏನು ಹೇಳಿದೆ ಎಂದು ಕೇಳಿದೆ. ಬಹೀಗಾ ಮತ್ತೆ ನೀರು ಕೇಳಿದಳು.

ನಾನು ಬೇರೆ ಪ್ರಶ್ನೆ ಕೇಳಿದೆ. ಬೆಡ್‌ಶೀಟ್ ಎಳೆಯುವಾಗ ಹಾಸಿಗೆಯಿಂದ ಏನಾದರೂ ಶಬ್ದ ಬರುತ್ತಿತ್ತಾ ಎಂದೆ. ಬರುತ್ತಿತ್ತು, ಕರಕರ ಎನ್ನುತ್ತಿತ್ತು ಅಂದಳು. ಹಾಗಾದರೆ ಅಂಗಡಿಯ ಪ್ಲಾಸ್ಟಿಕ್ ತೆಗೆದಿರಲಿಲ್ಲವೇ ಎಂದೆ. ನಾನು ಏನೋ ಅಶ್ಲೀಲ ಆಡಿದ ಹಾಗೆ ನನ್ನನ್ನು ನೋಡಿದಳು.

"ಹೊಸ ಹಾಸಿಗೆ ಅಕ್ಕ. ಪ್ಲಾಸ್ಟಿಕ್ ಯಾರು ತೆಗೀತಾರೆ? ತಫೀದಾ ಮನೆ ಸೋಫಾಗೆ ಮೊಮ್ಮಕ್ಕಳು ಹುಟ್ಟಿದ್ರೂ ತೆಗ್ದಿಲ್ಲ. ಬೇಸಿಗೇಲಿ ಕೂತೆದ್ರೆ ತೊಡೆ ಚರ್ಮ ಅಲ್ಲೇ ಉಳಿಯತ್ತೆ."

ನಾನು ನಗಬೇಕಿತ್ತು. ನಮ್ಮ ಮನೆಯ ಟಿವಿ ರಿಮೋಟಿನ ಮೇಲೂ ಪ್ಲಾಸ್ಟಿಕ್ ಇದೆ, ಫ್ರಿಜ್ಜಿನ ಬಾಗಿಲಿನ ಮೇಲೂ ಇದೆ. ಹೊಸದು ಹೊಸದಾಗಿಯೇ ಇರಬೇಕೆಂಬ ಆಸೆ ನಮಗೆಲ್ಲ ಇದೆ. ಅದಕ್ಕಾಗಿ ಯಾರನ್ನೂ ಆಡಿಕೊಳ್ಳುವುದಿಲ್ಲ. ಆದರೆ ರಬಾಬ್, ಜಾರುವ ಪ್ಲಾಸ್ಟಿಕ್ಕಿನ ಮೇಲೆ ಬಿಗಿಯಾದ ಹತ್ತಿ ಬಟ್ಟೆಯನ್ನು ನಾಲ್ಕೇ ಮೂಲೆಯ ಎಲಾಸ್ಟಿಕ್ಕಿನಿಂದ ಹಿಡಿಸಿದರೆ ಅದು ಪುಟಿಯುತ್ತದೆ. ಬಿಟ್ಟವಳು ಹೊಲಿದರೂ ಪುಟಿಯುತ್ತದೆ, ಹತ್ತು ಮಕ್ಕಳ ತಾಯಿ ಹೊಲಿದರೂ ಪುಟಿಯುತ್ತದೆ.

ಆಮೇಲೆ ಅಂಗಡಿಯಿಂದ ತಂದ ಗುಲಾಬಿ ಬಣ್ಣದ ಬೆಡ್‌ಶೀಟ್ ಹಾಸಿದಿರಂತೆ. ಅದು ನಿಂತಿತಾ ಎಂದೆ. ಫೋಟೋ ತೆಗೆಯುವವರೆಗೆ ನಿಂತಿತು, ಊಟಕ್ಕೆ ಏಳುವ ಹೊತ್ತಿಗೆ ಅದೂ ಒಂದು ಕಡೆ ಬಂದಿತ್ತು ಎಂದಳು ಬಹೀಗಾ. ಆಗ ಯಾರು ಏನು ಹೇಳಿದರು ಎಂದೆ. ಯಾರೂ ಏನೂ ಹೇಳಲಿಲ್ಲವಂತೆ. ವಗ್ದಿಯ ಅಕ್ಕ ಹೋಗಿ ಮತ್ತೆ ಸರಿಮಾಡಿದಳಂತೆ, ಅಷ್ಟೇ. ಆ ಬೆಡ್‌ಶೀಟಿಗೆ ತಾಯಿ ಇಲ್ಲವಲ್ಲ.

ಬಹೀಗಾ ಮಲಗಲು ಹೋದ ಮೇಲೆ ಚೀಲ ಬಿಚ್ಚಿದೆ. ಇಂಥ ಬೆಡ್‌ಶೀಟನ್ನು ಮಡಚುವುದು ಹೆಚ್ಚಿನವರಿಗೆ ಬರುವುದಿಲ್ಲ, ಉಂಡೆ ಮಾಡಿ ತುರುಕುತ್ತಾರೆ. ಇದು ಮೂಲೆಯೊಳಗೆ ಮೂಲೆ ತೂರಿಸಿ, ಅಂಚು ಒಳಗೆ ಬರುವಂತೆ ಚೌಕವಾಗಿ ಮಡಚಿತ್ತು. ಕಳಿಸುವ ಮೊದಲು ನಾನು ನಿನಗೆ ಫೋನಿನಲ್ಲಿ ತೋರಿಸಿದ್ದು ಹಾಗೆ. ಇದನ್ನು ಮಂಚದಿಂದ ತೆಗೆದು ಚೀಲಕ್ಕೆ ಹಾಕಿದವರು ಯಾರು ಎಂದು ಬಹೀಗಾಳನ್ನು ಕೇಳುವ ಕೆಲಸ ತಪ್ಪಿತು. ಚೆನ್ನಾಗಿ ಮಡಚಿದ್ದೀಯ.

ಒಂದು ವಿಷಯ ಮಾತ್ರ ನನಗೆ ಅರ್ಥವಾಗುತ್ತಿಲ್ಲ, ಅದನ್ನು ಬರೆಯದೆ ಈ ಕಾಗದ ಮುಗಿಸಲಾರೆ. ಗುರುವಾರ ನಿಕಾಹ್‌ಗೆ ನಿನ್ನ ತಂದೆ ಬರುತ್ತಾರೆ. ಬರಬೇಕು, ಹುಡುಗಿಯ ಪರವಾಗಿ ಕೂರುವವರು ಅವರೇ. ಕಾಜಿಯ ಮುಂದೆ, ಬಿಳಿ ಕರವಸ್ತ್ರದ ಕೆಳಗೆ ವಗ್ದಿಯ ಕೈ ಹಿಡಿಯುತ್ತಾರೆ. ಎಲ್ಲರೂ ಅದರ ಫೋಟೋ ತೆಗೆಯುತ್ತಾರೆ. ನನ್ನನ್ನು ಬಿಟ್ಟವರು ಅವರು. ನಿನಗೆ ಆರು ವರ್ಷವಿದ್ದಾಗ, ಬೆಳಗಿನ ತಿಂಡಿಯ ಬೇಯಿಸಿದ ಅವರೆಕಾಳಿನ ಬಟ್ಟಲು ಇನ್ನೂ ಮೇಜಿನ ಮೇಲಿರುವಾಗ, ಮೂರು ಮಾತಿನಲ್ಲಿ ಮುಗಿಸಿ ಹೋದರು. ಆ ಮಾತು ಆಡಿದವರ ಕೈ ಮದುವೆಯ ಕರವಸ್ತ್ರದ ಕೆಳಗೆ ಇರಬಹುದು. ಆ ಮಾತು ಕೇಳಿಸಿಕೊಂಡವಳ ಕೈ ಬೆಡ್‌ಶೀಟಿನ ಮೂಲೆ ಎಳೆಯಬಾರದು. ನನ್ನ ಕೈಕೆಲಸ ನಿಮ್ಮೆಲ್ಲರಿಗೂ ಬೇಕಿತ್ತು. ಕೈ ಬೇಡವಾಯಿತು. ಕಡೆಗೆ ಕೈಕೆಲಸವೂ ಬೇಡವಾಯಿತು.

ನಿನಗೆ ಭಯವಿದೆ ಎಂದು ನನಗೆ ಗೊತ್ತು. ಮೊದಲ ನಿಶ್ಚಯ ಮುರಿದಾಗ ಆ ಹುಡುಗನ ತಾಯಿ ನಮ್ಮ ಇದೇ ಕೋಣೆಯಲ್ಲಿ ಕೂತು, ತಾಯಿಯ ದಾರಿ ಮಗಳು ಹಿಡಿಯುತ್ತಾಳೆ ಎಂದು ನಾಲ್ಕು ಜನ ಹೇಳುತ್ತಿದ್ದಾರೆ, ನಾವೇನು ಮಾಡೋಣ ಎಂದಳು. ನೀನು ಅಡುಗೆಮನೆಯಲ್ಲಿ ಕಾಫಿ ಲೋಟಗಳನ್ನು ಹಿಡಿದು ನಿಂತಿದ್ದೆ. ಅವರು ಹೋದ ಮೇಲೆ ಆ ಲೋಟಗಳನ್ನು ತೊಳೆದಿಟ್ಟೆ. ಈ ಊರು ಬಿಟ್ಟು ದುಮ್ಯಾತ್‌ನ ಔಷಧಿ ಅಂಗಡಿಗೆ ಕೆಲಸಕ್ಕೆ ಹೋದದ್ದೂ ಅದಕ್ಕೇ ಎಂದು ನನಗೆ ಆಗಲೇ ಗೊತ್ತಿತ್ತು. ಈಗ ನಿನಗೆ ಮೂವತ್ತೊಂದು. ವಗ್ದಿ ಒಳ್ಳೆಯ ಹುಡುಗ, ಮಂಚ ಕುರ್ಚಿ ಮಾಡುವ ಕೈ ಒರಟಾದರೂ ಮಾತು ಒರಟಲ್ಲ. ಇದು ಮುರಿಯಬಾರದೆಂದು ನಿನಗಿರುವ ಆಸೆ ನನಗೂ ಇದೆ. ಆದರೆ ನಿನ್ನನ್ನು ಸಾಕಿದ್ದು ಈ ಕೈಯೇ. ನಿನ್ನ ಶಾಲೆಯ ಲಂಗದ ಅಂಚನ್ನು ಪ್ರತಿ ವರ್ಷ ಬಿಚ್ಚಿ ಇಳಿಸಿದ್ದೂ ಈ ಕೈಯೇ. ಆಗ ಏನೂ ಕಳಚಿ ಬೀಳಲಿಲ್ಲ.

ಬೆಡ್‌ಶೀಟನ್ನು ಮತ್ತೆ ಕಳಿಸುತ್ತಿದ್ದೇನೆ. ಸಂಜೆ ಕೂತು ಅಂಚು ಬಿಚ್ಚಿ, ಸುತ್ತಲೂ ಪಟ್ಟಿ ಮಡಚಿ ಹೊಲಿದು, ಪಿನ್ನಿಗೆ ಕಟ್ಟಿ ಎಲಾಸ್ಟಿಕ್ ತೂರಿಸಿದ್ದೇನೆ. ನಾಲ್ಕೂ ಕಡೆ ಒಂದೇ ಸಮ ಎಳೆಯುವಂತೆ ನಡುನಡುವೆ ಹೊಲಿಗೆ ಕೊಟ್ಟು ನಿಲ್ಲಿಸಿದ್ದೇನೆ. ಈಗ ಪಕ್ಕಗಳು ನೆರಿಗೆ ಬೀಳುತ್ತವೆ, ಸ್ನಾನದ ಟೋಪಿಯ ಹಾಗೇ ಕಾಣುತ್ತದೆ. ಪ್ಲಾಸ್ಟಿಕ್ಕಿನ ಮೇಲೂ ನಿಲ್ಲುತ್ತದೆ. ಆದರೂ ಆ ಪ್ಲಾಸ್ಟಿಕ್ ಹರಿದು ತೆಗೆ. ಅದರ ಮೇಲೆ ಮಲಗಿದರೆ ಬೆನ್ನು ಬೆವರುತ್ತದೆ, ಹಾಸಿಗೆಗೂ ಒಳ್ಳೆಯದಲ್ಲ. ಅತ್ತೆ ಏನಾದರೂ ಅಂದರೆ ನಿಮ್ಮ ಮಗನೇ ತೆಗೆಸಿದ ಎನ್ನು, ಗಂಡುಮಕ್ಕಳ ಹೆಸರು ಹೇಳಿದರೆ ಮಾತು ಅಲ್ಲಿಗೇ ನಿಲ್ಲುತ್ತದೆ. ಮದುವೆಯ ಗದ್ದಲ ಮುಗಿದ ಮೇಲೆ ಯಾವತ್ತಾದರೂ ಹಾಸಿಕೋ. ಎಲ್ಲಿಯದು ಎಂದು ಯಾರಾದರೂ ಕೇಳಿದರೆ ಅಂಗಡಿಯದು ಎಂದು ಹೇಳು. ನಾನು ಅಲ್ಲಗಳೆಯುವುದಿಲ್ಲ.

ಬಿಸ್ಕತ್ತಿನ ಡಬ್ಬಿಯನ್ನೂ ಬಹೀಗಾಳ ಕೈಯಲ್ಲಿ ಕೊಡುತ್ತಿದ್ದೇನೆ. ಅದನ್ನು ಯಾರು ಮಾಡಿದರು ಎಂದು ಹೇಳಿದರೆ ಅಡ್ಡಿಯಿಲ್ಲ. ತಿನ್ನುವ ವಸ್ತುವಿಗೆ ಯಾರೂ ಶಕುನ ನೋಡುವುದಿಲ್ಲ.

ದೇವರು ನಿನ್ನನ್ನು ಚೆನ್ನಾಗಿ ಇಟ್ಟಿರಲಿ.

ನಿನ್ನನ್ನು ಹೆತ್ತ,
ಇನ್ಶಿರಾ

ತಾ.ಕ. ಇದನ್ನು ಮೇಲೆಯೇ ಬರೆಯಬೇಕಿತ್ತು, ಬರೆಯಲಿಲ್ಲ. ಈ ಕಾಗದ ಶುರು ಮಾಡುವ ಮೊದಲು ನಿನ್ನ ಅತ್ತೆ ಫೋನ್ ಮಾಡಿದ್ದರು. ಮೊದಲ ಮಾತೇ, "ರಬಾಬಳ ಅಮ್ಮಾ, ಜ್ವರ ಇಳೀತಾ?" ಎಂದರು. ನನಗೆ ಯಾವ ಜ್ವರವೂ ಬಂದಿರಲಿಲ್ಲ. ಅವರೇ ಮುಂದುವರಿಸಿದರು. "ನೀವಿಲ್ದೆ ಮಂಚ ಹಾಸೋಕೆ ನನಗೆ ಮನಸ್ಸೇ ಇರ್ಲಿಲ್ಲ. ಭಾನುವಾರದವರೆಗೆ ಕಾಯೋಣ, ಅಷ್ಟರಲ್ಲಿ ಹುಷಾರಾಗ್ತಾರೆ ಅಂದೆ. ಅಮ್ಮನಿಗೆ ಆಗಲ್ಲ, ಬುಧವಾರವೇ ಮುಗಿಸಿಬಿಡೋಣ ಅಂತ ನಿಮ್ಮ ಹುಡುಗೀನೇ ಹಟ ಮಾಡಿದ್ಲು." ಓರಗಿತ್ತಿಯ ಮಾತಿಗೆ ಕ್ಷಮೆಯನ್ನೂ ಕೇಳಿದರು. ಜ್ವರ ಸ್ವಲ್ಪ ಇಳಿದಿದೆ ಎಂದು ಹೇಳಿದೆ. ಬಹೀಗಾಳಿಗೆ ಈ ಫೋನಿನ ವಿಷಯ ಹೇಳಿಲ್ಲ. ಅವಳು ನಿನಗಾಗಿ ಹೇಳಿದ ಸುಳ್ಳು ಅವಳ ಹತ್ತಿರವೇ ಇರಲಿ. ಗುರುವಾರ ಮದುವೆಗೆ ಬರಲೇಬೇಕು ಎಂದರು ನಿನ್ನ ಅತ್ತೆ. ಹುಷಾರಾದರೆ ಬರುತ್ತೇನೆ ಎಂದಿದ್ದೇನೆ. ನಾನು ಹುಷಾರಾಗಬೇಕೋ ಬೇಡವೋ ಎಂಬುದನ್ನು ಮಂಗಳವಾರದೊಳಗೆ ತಿಳಿಸು. ನಿಕಾಹ್ ಇರುವುದು ಗುರುವಾರ, ಸಂಜೆಯ ನಮಾಜಿನ ನಂತರ. ಇಲ್ಲಿಂದ ಬಸ್ಸು ಬೆಳಿಗ್ಗೆ ಹತ್ತಕ್ಕೆ ಹೊರಡುತ್ತದೆ.